ಎರಡು ಫ್ರೇಮಿನ ಚೂರು

ಸಿನಿಮಾ ಸ್ಟುಡಿಯೋಗಳ ಊರಾದ ಬರ್ಬ್ಯಾಂಕಿನ ಒಂದು ಓಣಿಯ ಹಿಂದೆ ಬೆಳಿಗ್ಗೆ ಆರಕ್ಕೆ ಗೂಡ್ಸ್ ರೈಲು ಕೂಗುತ್ತದೆ. ಎರಡು ಉದ್ದ, ಒಂದು ಗಿಡ್ಡ, ಮತ್ತೊಂದು ಉದ್ದ. ಆ ಕೂಗನ್ನು ಎಲ್ಲಿ ಕತ್ತರಿಸಬಹುದೆಂದು ವಿನಿಫ್ರೆಡ್ ಹ್ಯಾಲೊರನ್ ಹಾಸಿಗೆಯಲ್ಲೇ ಎಣಿಸುತ್ತಾಳೆ. ಮೂವತ್ತೊಂದು ವರ್ಷ ಸಿನಿಮಾ ಸಂಕಲನ ಮಾಡಿದವಳ ಚಾಳಿ. ಆ ಸೋಮವಾರ ಮಾತ್ರ ಅವಳು ಎಣಿಸಲಿಲ್ಲ. ತನ್ನ ಆರನೇ ರೀಲನ್ನು ಯಾರೋ ಮುಟ್ಟಿದ್ದಾರೆ ಎಂಬುದೊಂದೇ ತಲೆಯಲ್ಲಿ ಕೊರೆಯುತ್ತಿತ್ತು.

ಕತ್ತರಿಸಿ ಉಳಿದ ಫಿಲ್ಮಿನ ಚೂರುಗಳನ್ನು ಬಟ್ಟೆ ಹಾಸಿದ ತೊಟ್ಟಿಯ ಮೇಲಿನ ಮೊಳೆಗಳಿಗೆ ನೇತುಹಾಕುವುದು ಆ ಕಸುಬಿನ ಪದ್ಧತಿ. ವಿನಿ ಯಾವಾಗಲೂ ಫಿಲ್ಮಿನ ಚಿತ್ರವಿರುವ ಮಾಸಲು ಮೈಯನ್ನು ಗೋಡೆಯ ಕಡೆಗೆ ತಿರುಗಿಸುತ್ತಿದ್ದಳು. ಶುಕ್ರವಾರ ನೋಡಿದರೆ, ಆರನೇ ರೀಲಿನ ಎರಡೆರಡೇ ಫ್ರೇಮಿನ ಮೂರು ಚೂರು ಹೊಳಪಿನ ಮೈಯನ್ನು ಗೋಡೆಗೆ ಕೊಟ್ಟು ನೇತಾಡುತ್ತಿದ್ದವು.

ಸಂಕಲನದ ಕೋಣೆಯ ಇನ್ನೊಂದು ಕೀಲಿಕೈ ಇದ್ದದ್ದು ಲೈಲ್‌ನ ಬಳಿ. ಒಂಬತ್ತು ವರ್ಷದಿಂದ ಅವಳ ಸಹಾಯಕ, ನಲವತ್ತು ದಾಟಿದ ಬೋಳುತಲೆಯವನು. ಹೋದ ವಾರ ಕ್ಯಾಂಟೀನಿನಲ್ಲಿ ನಿರ್ಮಾಪಕನ ಎದುರು ಸೂಪ್ ಕುಡಿಯುತ್ತಿದ್ದವನು ಅವಳನ್ನು ಕಂಡೊಡನೆ ಮಾತು ನುಂಗಿಕೊಂಡಿದ್ದ. ಮುಂದಿನ ಚಿತ್ರದ ಕರಾರಿಗೆ ಅವಳ ಸಹಿ ಇನ್ನೂ ಆಗಿರಲಿಲ್ಲ. ಅದು ತಪ್ಪಿದರೆ ಈ ವಯಸ್ಸಿನಲ್ಲಿ ಇನ್ನಾರೂ ಕರೆಯುವುದಿಲ್ಲ. ತನ್ನ ಕುರ್ಚಿಯ ಮೇಲೆ ಇವನ ಕಣ್ಣು ಬಿದ್ದಿದೆ ಎಂದುಕೊಂಡಳು.

ಸೋಮವಾರ ಕೋಣೆಗೆ ಬಂದವನನ್ನು, ಶನಿವಾರ ಭಾನುವಾರದ ರಜೆಯಲ್ಲಿ ಏನು ಮಾಡಿದೆ ಎಂದು ತಣ್ಣಗೆ ಕೇಳಿದಳು. ಬೇಲಿಗೆ ಬಣ್ಣ ಬಳಿದೆ ಎಂದ. ಅವನ ಉಗುರಿನಲ್ಲಿ ಬಣ್ಣವಿರಲಿಲ್ಲ. ಫಿಲ್ಮಿನ ಮೇಲೆ ಗುರುತು ಹಾಕುವ ಪೆನ್ಸಿಲ್ಲಿನ ಹಳದಿ ಇತ್ತು. ಅವಳು ಮೂರು ಚೂರುಗಳನ್ನೂ ಮೇಜಿನ ಮೇಲಿಟ್ಟಳು.

"ಕದ್ದು ಕತ್ತರಿಸೋನು ಚೂರನ್ನಾದ್ರೂ ಎಸೀಬಾರ್ದೇನೋ."

"ಎಸೆಯೋದಾ? ಒಂದು ಫ್ರೇಮೂ ಕಸದ ಬುಟ್ಟಿಗೆ ಹೋಗ್ಬಾರ್ದು ಅಂತ ಕಲಿಸ್ದೋರು ನೀವೇ ಅಲ್ವಾ."

ಯಾರು ಮಾಡಿಸಿದರು ಎಂದು ಕೇಳಿದಳು. ಯಾರೂ ಅಲ್ಲ ಎಂದ. ಆಮೇಲೆ ನೆಲ ನೋಡುತ್ತಾ ಹೇಳಿದ: ಕ್ರಿಸ್‌ಮಸ್ಸಿನಿಂದೀಚೆಗೆ ಅವಳ ಕತ್ತರಿ ಎರಡು ಫ್ರೇಮು ತಡವಾಗಿ ಬೀಳುತ್ತಿದೆ, ನಟಿ ಕಣ್ಣು ಮುಚ್ಚಲು ಶುರುಮಾಡಿದ ಮೇಲೆ. ಆ ಎರಡು ಫ್ರೇಮನ್ನೇ ತಾನು ತೆಗೆದದ್ದು. ನಿರ್ಮಾಪಕನಿಗೂ ಅನುಮಾನ ಬಂದು ಅವತ್ತು ಕ್ಯಾಂಟೀನಿನಲ್ಲಿ ಕೇಳಿದ್ದ. ತಪ್ಪು ನನ್ನದು ಎಂದು ಲೈಲ್ ಹೇಳಿಬಿಟ್ಟಿದ್ದ.

"ನಿಮ್ಮ ಕಣ್ಣು, ವಿನಿ."

ಅವಳು ನಂಬಲಿಲ್ಲ. ಕುರ್ಚಿ ಬೇಕಾದವನು ಮೊದಲು ಕಣ್ಣಿನ ಮೇಲೇ ದೂರು ಹೇಳುತ್ತಾನೆ. ಒಂದು ಚೂರನ್ನೆತ್ತಿ ದೀಪಕ್ಕೆ ಹಿಡಿದಳು. ಅಂಚಿನಲ್ಲಿ ಅಚ್ಚಾದ ಅಂಕಿಗಳು ಇರುವೆ ಸಾಲಿನಂತೆ ಹರಿದವು. ಓದಲಾಗದೆ ಬಾಯಿಗೆ ಬಂದ ಅಂಕಿಗಳನ್ನು ಹೇಳಿದಳು.

"ನಾಲ್ಕು, ಎಂಟು, ಒಂದು."

"ಹೂಂ, ಸರಿಯಾಗಿದೆ," ಎಂದ ಲೈಲ್.

ಅವನು ಚೂರಿನ ಕಡೆ ನೋಡಿಯೇ ಇರಲಿಲ್ಲ. ಅದನ್ನು ಮಾತ್ರ ಅವಳ ಕಣ್ಣು ಸ್ಪಷ್ಟವಾಗಿ ಕಂಡಿತು.

ಚೂರನ್ನು ಮತ್ತೆ ಮೊಳೆಗೆ ಸಿಕ್ಕಿಸಿ, ಮಾಸಲು ಮೈಯನ್ನು ಬೆರಳಲ್ಲಿ ತಡವಿ ಗೋಡೆಗೆ ತಿರುಗಿಸಿದಳು. ಕೋಟು ತೆಗೆದುಕೊಂಡಳು.

"ಆರನೇ ರೀಲು ನೀನು ಮಾಡಿದ ಹಾಗೇ ಇರ್ಲಿ. ನಿರ್ಮಾಪಕನ ಹತ್ರ ನಾನೇ ಹೋಗಿ, ಮುಂದಿನ ಚಿತ್ರಕ್ಕೆ ನಿನ್ನ ಹೆಸರು..." ಎನ್ನುತ್ತಲೇ ಅವಳು ಬಾಗಿಲು ದಾಟಿ ನಡೆದಿದ್ದಳು.