ದಿಬ್ಬದ ಮೇಲೆ ಕಾದು ನಿಂತ ಶಶಿಧರ್

ಅಮೆರಿಕದ ಪ್ಲೆಸೆಂಟನ್ ಊರಿನ ಹತ್ತಿರದ ದಿಬ್ಬದ ತುದಿಯಲ್ಲಿ, ಸೈಕಲ್ ರೇಸಿನವರಿಗೆ ನೀರಿನ ಬಾಟಲಿ ಚಾಚಿ ನಿಂತಿದ್ದೆ. ಎಲ್ಲರಿಗಿಂತ ಮುಂದೆ ಬಂದ ಶಶಿಧರ್ ನೀರು ಮುಟ್ಟಲಿಲ್ಲ. ಸೈಕಲ್ ನಿಲ್ಲಿಸಿ, ಕಾಲೂರಿ, ಹಿಂದಕ್ಕೆ ನೋಡತೊಡಗಿದರು.

"ಹೋಗಿ ಸಾರ್, ಯಾಕೆ ನಿಂತ್ರಿ?" ಅಂತ ಕೂಗಿದೆ.

"ಹಿಂದೆ ನಮ್ಮ ಸ್ವಾಮಿಯ ಸೈಕಲ್ ಚೈನ್ ಬಿದ್ದಿದೆ. ಅವನು ಬರ್ಲಿ, ತಾಳಿ," ಅಂದರು.

ನಮ್ಮ ಸೈಕಲ್ ಕ್ಲಬ್ಬಿನ ಕಪ್ ಪ್ರತಿವರ್ಷ ಇವರಿಬ್ಬರಲ್ಲಿ ಒಬ್ಬರಿಗೇ. ಕಡ್ಡಿಯಂತಿರುವ ಶಶಿಧರ್ ಸೀಟಿನಿಂದ ಎದ್ದು ನಿಂತು ತುಳಿಯುತ್ತಾ ದಿಬ್ಬ ಹತ್ತಿಬಿಡುತ್ತಾರೆ. ದಪ್ಪ ಮೈಯ ಸ್ವಾಮಿ ಕೂತಲ್ಲೇ ಕೂತು ಹತ್ತಿ, ಇಳಿಜಾರಿನಲ್ಲಿ ಬ್ರೇಕ್ ಮುಟ್ಟದೆ ಗುಂಡಿನಂತೆ ಇಳಿಯುತ್ತಾರೆ.

ಸ್ವಲ್ಪ ಹೊತ್ತಿಗೆ ಸ್ವಾಮಿ ಕೈಯೆಲ್ಲ ಗ್ರೀಸ್ ಮಾಡಿಕೊಂಡು ಬಂದರು. ಇಬ್ಬರೂ ಒಟ್ಟಿಗೆ ಇಳಿದರು. ಗೆದ್ದದ್ದು ಸ್ವಾಮಿ. ಶಶಿಧರ್ ಅವರ ದೊಡ್ಡ ಮನಸ್ಸನ್ನು ಹೊಗಳಲೇಬೇಕು ಅಂತ ನಾನು ಕಾರಿನಲ್ಲಿ ಕೆಳಗೆ ಹೋದರೆ, ಗೆದ್ದ ಸ್ವಾಮಿಯೇ ರೇಗಾಡುತ್ತಿದ್ದರು: "ಕಾಯೋಕೆ ನಿಂಗ್ಯಾರು ಹೇಳಿದ್ದು?"

ಶಶಿಧರ್ ಬೆವರು ಒರೆಸಿಕೊಳ್ಳುತ್ತಾ ಅಂದರು: "ಚೈನ್ ಬಿತ್ತು, ಅದಕ್ಕೇ ಸೋತೆ ಅಂತ ವರ್ಷವೆಲ್ಲ ಹೇಳ್ಕೊಂಡು ತಿರುಗ್ತೀಯಲ್ಲ, ಅದಕ್ಕೆ!"

ನಾನು ದೊಡ್ಡ ಮನಸ್ಸು ಅಂದುಕೊಂಡಿದ್ದು ಅಪ್ಪಟ ಹೊಟ್ಟೆಕಿಚ್ಚಾಗಿತ್ತು. ಅಷ್ಟು ಪ್ರಾಮಾಣಿಕವಾದ ಹೊಟ್ಟೆಕಿಚ್ಚನ್ನು ನನ್ನ ಆಫೀಸಿನಲ್ಲಿ ನಾನಿನ್ನೂ ಕಂಡಿಲ್ಲ.