ಸುಮ್ಮನೆ ಕೂರೋಕೂ ಒಂದು ಕೆಲಸ ಬೇಕು

ಹೋದ ವಾರ ಒಂದು ದಿನ ಬೆಳಿಗ್ಗೆ ನಾನು ನಮ್ಮೂರ ಬಸ್ ಸ್ಟಾಪಿನಲ್ಲಿ ಹೋಗಿ ಸುಮ್ಮನೆ ಕೂತೆ. ಅಷ್ಟೇ. ಅಷ್ಟಕ್ಕೇ ಯಾರೋ ನನ್ನ ಮಗನಿಗೆ ಫೋನ್ ಮಾಡಿದರು.

"ಸುರೇಸಣ್ಣ, ನಿಮ್ಮವ್ವ ಸ್ಟಾಪಲ್ಲಿ ಒಬ್ಳೇ ಕೂತವ್ಳೆ. ಮನೇಲಿ ಏನಾರ ಆಯ್ತಾ?"

ಸುರೇಶ ಅಂಗಡಿ ಬಿಟ್ಟು ಸ್ಕೂಟರಿನಲ್ಲಿ ಹಾರಿಬಂದ. ತಲೆಗೆ ಹೆಲ್ಮೆಟ್ಟೂ ಇಲ್ಲ.

"ಯಾಕವ್ವಾ, ತಲೆ ಸುತ್ತು ಬಂತಾ? ಅವಳೇನಾರ ಅಂದ್ಲಾ?"

(ಅವಳು ಅಂದರೆ ನನ್ನ ಸೊಸೆ. ಪಾಪ, ಆ ಹೊತ್ತಿಗೆ ಅವಳು ಮನೆಯಲ್ಲಿ ಮುದ್ದೆ ತೊಳಸುತ್ತಿದ್ದಳು.)

"ಯಾರೂ ಏನೂ ಅಂದಿಲ್ಲ ಕಣೋ. ಸುಮ್ನೆ ಕೂತಿವ್ನಿ."

"ಸುಮ್ನೆ ಅಂದ್ರೆ?"

ಇದಕ್ಕೆ ನಿಮ್ಮ ಹತ್ತಿರ ಉತ್ತರ ಇದೆಯಾ?

ನಾನು ಯಾಕೆ ಹೋಗಿ ಕೂತೆ ಅಂತ ಮೊದಲಿಂದ ಹೇಳುತ್ತೇನೆ. (ಮೊಬೈಲಿನಲ್ಲಿ ಒಂದೇ ಬೆರಳಲ್ಲಿ ಒತ್ತಿ ಬರೆಯುತ್ತಿದ್ದೇನೆ, ಒಸಿ ತಾಳ್ಮೆ ಇರಲಿ.)

ನಮ್ಮೂರು ಚನ್ನಪಟ್ಟಣದಿಂದ ಸ್ವಲ್ಪ ಆಚೆ. ಮೊದಲೆಲ್ಲ ಬಸ್ಸು ಹಿಟ್ಟಿನ ಗಿರಣಿಯ ಮುಂದೆ ನಿಲ್ಲುತ್ತಿತ್ತು. ಗಿರಣಿಗೆ ಒಂದು ಉದ್ದನೆಯ ಜಗಲಿ. ರಾಗಿ ಬೀಸಲು ಕೊಟ್ಟ ಹೆಂಗಸರು ಅಲ್ಲೇ ಕೂತಿರುತ್ತಿದ್ದೆವು. ಬಸ್ಸಿಗೆ ಕಾಯುವ ಹುಡುಗಿಯರೂ ನಮ್ಮ ಪಕ್ಕದಲ್ಲೇ. ರಸ್ತೆ ಅಗಲ ಮಾಡುವಾಗ ಜಗಲಿ ಹೋಯಿತು. ಸ್ಟಾಪು ಮುಂದಕ್ಕೆ ಹೋಯಿತು. ಅಲ್ಲಿ ಹೊಸ ಶೆಲ್ಟರ್ ಬಂತು. ತಗಡಿನ ಮಾಡು, ಫಳಫಳ ಹೊಳೆಯುವ ಸ್ಟೀಲ್ ಸೀಟು, ಎಲ್ಲ ಸೂಪರ್.

ಆದರೆ ಒಬ್ಬ ಹೆಂಗಸೂ ಅದರಲ್ಲಿ ಕೂರುವುದಿಲ್ಲ.

ಬೆಳಿಗ್ಗೆಯೇ ಗಂಡಸರು ಬಂದು ಸೀಟು ತುಂಬುತ್ತಾರೆ. ಪೇಪರ್ ಓದುವವರು, ಮೊಬೈಲ್ ನೋಡುವವರು, ಏನೂ ಮಾಡದವರು. ಅವರಲ್ಲಿ ಬಸ್ಸಿಗೆ ಕಾಯುವವರು ಯಾರೂ ಇಲ್ಲ! ಕೆಟ್ಟವರಲ್ಲ, ಹೇಳಿಬಿಡುತ್ತೇನೆ. ಎಲ್ಲ ನಮ್ಮವರೇ. ಆದರೂ ಹೆಣ್ಣುಮಕ್ಕಳು ದೂರದ ಹೊಂಗೆ ಮರದ ಕೆಳಗೆ ನಿಲ್ಲುತ್ತಾರೆ. ಬಸ್ಸು ಬಂದಾಗ ಬ್ಯಾಗು ಹಿಡಿದು ಓಡುತ್ತಾರೆ. ಡ್ರೈವರ್ ಶೆಲ್ಟರ್ ಕಡೆ ನೋಡುತ್ತಾನೆ, ಹತ್ತುವವರು ಯಾರೂ ಎದ್ದಿಲ್ಲ, ಹೊರಟೇಬಿಡುತ್ತಾನೆ.

ಹಾಗೆ ಬಸ್ಸು ತಪ್ಪಿಸಿಕೊಂಡವರಲ್ಲಿ ನನ್ನ ಮೊಮ್ಮಗಳು ಚಂದನಾನೂ ಒಬ್ಬಳು. ರಾಮನಗರದಲ್ಲಿ ಡಿಗ್ರಿ ಓದುತ್ತಾಳೆ. ಅಟೆಂಡೆನ್ಸ್ ಕಮ್ಮಿಯಾಗಿ ಮೇಷ್ಟ್ರು ಬೈದರು ಅಂತ ಒಂದು ದಿನ ಧೈರ್ಯ ಮಾಡಿ ಶೆಲ್ಟರಿನಲ್ಲೇ ಕೂತಳು. ಸಾಯಂಕಾಲದ ಹೊತ್ತಿಗೆ ಸುದ್ದಿ ಸುರೇಶನ ಅಂಗಡಿ ತಲುಪಿತ್ತು: ನಿನ್ನ ಮಗಳು ಗಂಡಸರ ಮಧ್ಯೆ ಕೂತಿದ್ದಳು.

"ಕಾಲೇಜು ಸಾಕು," ಅಂದ ಸುರೇಶ. "ಈ ಪರೀಕ್ಸೆ ಮುಗುಸ್ಬುಟ್ಟು ಮನೇಲಿರು."

ಹುಡುಗಿ ಅಳಲಿಲ್ಲ. ಪುಸ್ತಕಗಳನ್ನೆಲ್ಲ ಎತ್ತಿ ಅಟ್ಟದ ಮೇಲಿಟ್ಟಳು. ಅತ್ತಿದ್ದರೇ ವಾಸಿಯಿತ್ತು.

ನಾನು ಪಕ್ಕದಲ್ಲಿ ಕೂತು ಕೇಳಿದೆ, "ಅಲ್ಲ ಕಣವ್ವ, ನೀನು ಓದೋದಾದ್ರೂ ಏನು?"

"ಭೂಗೋಳ ಕಣಜ್ಜಿ."

"ನದಿ, ಬೆಟ್ಟ, ರಾಜಧಾನಿ?"

"ಅದೂ ಐತೆ. ಇದು ಮಾನವ ಭೂಗೋಳ. ಜನ ಎಲ್ಲಿ ಇರ್ತಾರೆ, ಎಲ್ಲಿ ನಡೀತಾರೆ, ಯಾವ ಜಾಗ ಯಾರ್ದು, ಯಾಕೆ ಅಂತ."

"ಓಹೋ! ಹಂಗಾರೆ ಶೆಲ್ಟರಲ್ಲಿ ಯಾರು ಕೂರ್ತಾರೆ ಅನ್ನೋದೂ ಸಿಲಬಸ್ಸಾ?"

ಅವತ್ತು ಮೊದಲ ಸಲ ನಕ್ಕಳು. "ಅದೇ ಸಿಲಬಸ್ಸು ಕಣಜ್ಜಿ."

ನನಗೆ ಕುತೂಹಲ ತಡೆಯಲಾಗಲಿಲ್ಲ. ವಯಸ್ಸಿನ ಹುಡುಗಿ ಅಂತ ಅವಳ ಬಗ್ಗೆ ಮಾತಾಡಿದರು, ಸರಿ. ಹಲ್ಲಿಲ್ಲದ ನಾನು ಕೂತರೆ? ಪರೀಕ್ಷೆ ಮಾಡೇಬಿಡೋಣ ಅಂತ ಹೋದೆ. ಹೋಗಿ ಏನಾಯಿತು ಅಂತ ಗೊತ್ತೇ ಇದೆಯಲ್ಲ. ಒಬ್ಬ ನೀರು ತಂದುಕೊಟ್ಟ. ಇನ್ನೊಬ್ಬ "ಆಟೋ ಕರೀಲಾ ಅಜ್ಜಿ" ಅಂದ. ಮೂರನೆಯವನು ಮಗನಿಗೆ ಫೋನ್ ಮಾಡಿದ. ಹೆಂಗಸು ಬರೀ ಕೈಯಲ್ಲಿ ಕೂತಿದ್ದಾಳೆ ಅಂದರೆ ಒಂದೋ ಕಾಯಿಲೆ, ಇಲ್ಲ ಸೊಸೆ ಜೊತೆ ಜಗಳ!

ಸ್ಕೂಟರಿನ ಹಿಂದೆ ಕೂತು ಮನೆಗೆ ಬರುವಾಗ ತಲೆಗೆ ಹೊಳೆಯಿತು. ಗಿರಣಿ ಜಗಲಿಯಲ್ಲಿ ವರ್ಷಾನುಗಟ್ಟಲೆ ಕೂತಿದ್ದೆನಲ್ಲ, ಆಗ ಯಾರೂ ಯಾಕೆ ಅಂತ ಕೇಳಲಿಲ್ಲ. ಯಾಕೆಂದರೆ ಒಳಗೆ ಗಿರಣಿ ನನ್ನ ರಾಗಿ ಬೀಸುತ್ತಿತ್ತು. ನೆನಪು ಮಾಡಿಕೊಳ್ಳಿ. ನಾವು ಹೊರಗೆ ಕೂತಾಗೆಲ್ಲ ಪಕ್ಕದಲ್ಲಿ ಒಂದು ಕೊಡವೋ ಮಗುವೋ ಸೊಪ್ಪಿನ ಕಟ್ಟೋ ಇರುತ್ತೆ ತಾನೆ? ಗಂಡಸಿಗೆ ಕೂರುವುದೇ ಒಂದು ಕೆಲಸ. ಹೆಂಗಸಿಗೆ ಕೂರುವುದಕ್ಕೆ ಒಂದು ಕೆಲಸ ಬೇಕು.

ಸರಿ, ಕೆಲಸ ತಾನೆ? ಈಗ ಅವರೆಕಾಯಿ ಕಾಲ.

ಮಾರನೆಯ ದಿನ ಬಿಡಿಸೋಕೆ ಅಂತ ಬುಟ್ಟಿ ತುಂಬ ಸೊಗಡವರೆ ತಗೊಂಡು ಹೋದೆ. ಎದುರು ಮನೆಯ ಮೆಹರುನ್ನಿಸಾಳನ್ನೂ ಎಬ್ಬಿಸಿಕೊಂಡು ಹೋದೆ. ಅವರದು ಬೊಂಬೆ ಮಾಡುವ ಮನೆ, ಅವಳು ಮರದ ಮಣಿ ಪೋಣಿಸುತ್ತಾಳೆ. "ಅರೆ ಅಕ್ಕಾ, ಮನೇಲಿ ಜಾಗ ಇಲ್ವಾ?" ಅಂತ ಗೊಣಗಿಕೊಂಡೇ ಮಣಿ ಡಬ್ಬಿ ಹಿಡಿದು ಬಂದಳು.

ನಾವು ಬಂದಿದ್ದು ನೋಡಿ ಪೇಪರ್ ಓದುವ ಪುಟ್ಟಸ್ವಾಮಿ ಸೀಟು ಬಿಟ್ಟ. ಯಾರೂ ನೀರು ತರಲಿಲ್ಲ. ಯಾರೂ ಫೋನ್ ಮಾಡಲಿಲ್ಲ. ಸಿಪ್ಪೆ ರಾಶಿ ಬೆಳೆದ ಹಾಗೆ ಗಂಡಸರು ಒಬ್ಬೊಬ್ಬರೇ ಆ ತುದಿಗೆ ಸರಿದರು. ಪುಟ್ಟಸ್ವಾಮಿ ಮಾತ್ರ ಅವರೆ ವಾಸನೆಗೆ ಸೋತು ಪಕ್ಕದಲ್ಲೇ ನಿಂತ.

"ಒಸಿ ನಾನೂ ಬುಡುಸ್ಲಾ ಅಜ್ಜಿ?"

"ಬುಡುಸು ಕಣ್ಲಾ, ಹುಳ ನೋಡ್ಕೊಂಡು ಬುಡ್ಸು!"

ನಾಲ್ಕನೆಯ ದಿನಕ್ಕೆ ಇನ್ನೂ ಕೆಲವು ಹೆಂಗಸರು ಬುಟ್ಟಿ ತಂದರು. ಹೊಂಗೆ ಮರದ ಕೆಳಗಿದ್ದ ಹುಡುಗಿಯರು ತಾವಾಗಿಯೇ ಬಂದು ನಮ್ಮ ಮಧ್ಯೆ ಸೇರಿಕೊಂಡರು. ಬಸ್ಸು ಬಂತು, ನಿಂತಿತು. ಎಲ್ಲರೂ ಓಡದೆ ಹತ್ತಿದರು. ಪರೀಕ್ಷೆಗೆ ಹೊರಟಿದ್ದ ಚಂದನಾನೂ.

ಸುರೇಶ ಸ್ಕೂಟರಿನಲ್ಲಿ ಅದೇ ದಾರಿಯಲ್ಲಿ ಹೋದ. ನೋಡಿದ. ನಿಲ್ಲಿಸಲಿಲ್ಲ. ರಾತ್ರಿ ಊಟಕ್ಕೆ ಕೂತಾಗ, ತಟ್ಟೆಯಲ್ಲಿದ್ದ ಹಿತುಕಿದ ಅವರೆ ಸಾರನ್ನೇ ನೋಡುತ್ತಾ ಮಗಳಿಗೆ ಅಂದ:

"ನಿಮ್ಮಜ್ಜಿ ಅಲ್ಲಿರೋಗಂಟ ಕಾಲೇಜಿಗೆ ಹೋಗು."

ಪುಸ್ತಕ ಅಟ್ಟದಿಂದ ಇಳಿಯಿತು. ನಾನು ಗೆದ್ದೆ ಅಂದುಕೊಂಡೆ. ಆದರೆ ಹುಡುಗಿ ಮುಖ ಊದಿಸಿಕೊಂಡು ನನ್ನ ಹಾಸಿಗೆ ಪಕ್ಕ ಬಂದು ಕೂತಳು.

"ಅಜ್ಜಿ, ಅವರೆ ಮುಗಿದ್ಮೇಲೆ?"

"ತೊಗರಿಕಾಯಿ ತರ್ತೀನಿ. ಇಲ್ಲಾಂದ್ರೆ ಸೊಪ್ಪು."

"ನಾನು ಓದು ಮುಗ್ಸೋಗಂಟ ನೀನು ಸೊಪ್ಪು ಬುಡುಸ್ತಾನೇ ಇರ್ತೀಯಾ? ಪುಟ್ಟಸ್ವಾಮಿ ಮಾವ ಏನು ತತ್ತಾನೆ ಅಲ್ಲಿಗೆ? ನಾಳೆ ಬುಟ್ಟಿ ಬ್ಯಾಡ. ಇಬ್ರೂ ಬರೀ ಕೈಲಿ ಹೋಗಿ ಕೂರಣ."

"ಯಾರಾದ್ರೂ ಯಾಕೆ ಅಂತ ಕೇಳಿದ್ರೆ?" ಅಂದೆ. "ಕೂತಿದ್ದೀವಿ ಅನ್ನು. ಅಷ್ಟೇ," ಅಂದಳು.

ಆಗಲಿ ಅಂತ ಒಪ್ಪಿಕೊಂಡಿದ್ದೇನೆ. ಕಬ್ಬಾಳಮ್ಮನಾಣೆ, ಮೆಹರುನ್ನಿಸಾಳೂ ಡಬ್ಬಿ ಬಿಟ್ಟು ಬರುತ್ತಾಳಂತೆ. ಊರವರು ಏನಾದರೂ ಅಂದುಕೊಳ್ಳಲಿ, ಅದರ ಭಯ ಇಲ್ಲ. ಒಂದೇ ಒಂದು ಚಿಂತೆ, ನಿಮ್ಮಲ್ಲಿ ಯಾರಿಗಾದರೂ ಗೊತ್ತಿದ್ದರೆ ಹೇಳಿ: ಏನೂ ಮಾಡದೆ ಕೂತಾಗ ಈ ಎರಡು ಕೈಗಳನ್ನು ಎಲ್ಲಿ ಇಟ್ಟುಕೊಳ್ಳೋದು?