ತಂತಿಯ ಮೇಲಿನ ಹಳದಿ

ಪಕ್ಕದ ಮನೆಯ ಬಿಳಿಯ ಮುದುಕಿ ಜೋನ್, ನನ್ನ ಬಾಯಲ್ಲಿ ಜೋನವ್ವ, ಬೆಳಿಗ್ಗೆ ನನಗೆ ಗುಡ್ ಮಾರ್ನಿಂಗ್ ಹೇಳುವ ಮೊದಲು ನಮ್ಮ ಹಿತ್ತಲಿನ ಬಟ್ಟೆ ತಂತಿಯನ್ನು ನೋಡುತ್ತಿದ್ದಳು. ಮಗಳು ಸುಮಾಳ ಬಾಣಂತನಕ್ಕೆಂದು ನಾನು ಹುಬ್ಬಳ್ಳಿಯಿಂದ ಸಿಡ್ನಿಯ ಲಿವರ್‌ಪೂಲ್‌ಗೆ ಬಂದ ಹೊಸತು. "ಈ ಮುದುಕಿಗೆ ನಮ್ಮ ಅರಿವಿ ಯಾಕ ಬೇಕವಾ?" ಎಂದು ಸಿಡುಕಿದೆ.

"ಆಕಿ ಜೈಲಿನ್ಯಾಗ ಸಂಸಾರ ಮಾಡಿದಾಕಿ, ಅವ್ವಾ," ಎಂದಳು ಸುಮಾ. "ಅಯ್ಯ, ಕಳ್ಳಿ ಏನು?" ಎಂದೆ.

ಕಳ್ಳಿಯಲ್ಲ. ಮೆಲ್ಬೋರ್ನ್ ಕಡೆಯ ಒಂದು ಜೈಲು ದ್ವೀಪದಲ್ಲಿ ಆಕೆಯ ಗಂಡ ವಾರ್ಡರ್ ಆಗಿದ್ದ. ಸುತ್ತಲೂ ನೀರು, ನಡುವೆ ಸಿಬ್ಬಂದಿಯ ಒಂದು ಸಾಲು ಮನೆ. ಬ್ರೆಡ್ಡು ಬರುವುದು ದೋಣಿಯಲ್ಲಿ, ಮಕ್ಕಳ ಕೂದಲು ಕತ್ತರಿಸುವವನು ಒಬ್ಬ ಕೈದಿ. ಹೆಂಡತಿ ಹೆತ್ತರೂ ಕಾವಲಿನವನು ಜಾಗ ಬಿಡುವಂತಿಲ್ಲ. ಅದಕ್ಕೇ ತಾಯಿ, ಕೂಸು ಕ್ಷೇಮವಿದ್ದರೆ ದೂರದಿಂದಲೇ ಅವನಿಗೆ ಕಾಣಲೆಂದು ಹೆಂಗಸರು ತಂತಿಗೆ ಹಳದಿ ಚಾದರ ಹಾಕುತ್ತಿದ್ದರಂತೆ. ಜೋನವ್ವನಿಗೆ ಮಗ ಹುಟ್ಟಿದಾಗ ತೋಟದ ಕೈದಿಗಳು ಮೊದಲು ಕಂಡು, ಗೌರವಕ್ಕೆ ಟೊಪ್ಪಿಗೆ ತೆಗೆದು ನಿಂತರಂತೆ. "ನನ್ನ ಗಂಡ ಆ ಕಡೆ ಮುಖ ಮಾಡಿ ನಿಂತಿದ್ದ, ಪೆದ್ದ!" ಎನ್ನುತ್ತಿದ್ದಳು. ಸುಮಾ ಅದನ್ನು ಕನ್ನಡದಲ್ಲಿ ಹೇಳುವ ಮೊದಲೇ ನನಗೆ ನಗು ಬರುತ್ತಿತ್ತು.

ಒಮ್ಮೆ ಇದೆಲ್ಲ ಮರೆತು ನನ್ನ ಹಳದಿ ಸೀರೆ ಒಣಹಾಕಿದೆ. ಜೋನವ್ವ ಬಿಸಿ ಕೇಕು ಹಿಡಿದು ಕುಂಟುತ್ತಲೇ ಓಡಿ ಬಂದಳು. ಬಾಗಿಲು ತೆಗೆದವಳು ತುಂಬು ಬಸುರಿ ಸುಮಾ! ಜೋನವ್ವ ನನ್ನತ್ತ ಬೆರಳಾಡಿಸಿ ಬೈದಳು.

"ನಾ ಹಡಿಯೂತನಕ ಆ ಸೀರಿ ಮುಟ್ಟಬ್ಯಾಡ ಅಂತಾಳ," ಎಂದು ಸುಮಾ ಹೊಟ್ಟೆ ಹಿಡಿದುಕೊಂಡು ನಕ್ಕಳು. ಸೀರೆ ಪೆಟ್ಟಿಗೆ ಸೇರಿತು.

ಮೊಣಕಾಲು ಸೋತು ಜೋನವ್ವ ಒಬ್ಬಳೇ ಇರಲಾರದಾದಾಗ, ಮೆಲ್ಬೋರ್ನಿಗೆ ಕರೆದೊಯ್ಯಲು ಮಗ ಬಂದ. "ಕೂಸಿನ ಸುದ್ದಿ ತಿಳಿಯದೆ ಹೋಗಲಾರೆ," ಎಂದು ಆಕೆಯ ಹಟ. ಆದರೆ ದಿನ ತುಂಬಿದರೂ ಕೂಸು ಬರಲೊಲ್ಲದು, ಮಗ ಇನ್ನು ಕಾಯಲಾರ. ಹೊರಡುವ ಬೆಳಿಗ್ಗೆ ಸುಮಾ ಆಸ್ಪತ್ರೆಯಲ್ಲಿದ್ದಳು. ನಾನು ಮನೆಯಲ್ಲಿ ಫೋನಿನ ಮುಂದೆ ಕೂತಿದ್ದೆ. ಜೋನವ್ವ ಬೇಲಿಗೆ ಬಂದು ಬರಿಯ ತಂತಿ ನೋಡಿ, ಕಾರು ಹತ್ತಿದಳು.

ಕಾರು ಹೊರಟಿತು. ಆಗ ಫೋನು!

"ಅತ್ತೀ, ಹೆಣ್ಣು! ಇಬ್ಬರೂ ಆರಾಮ ಅದಾರ!" ಅಳಿಯನ ದನಿ.

ನನ್ನ ಕಾಲು ನೆಲದ ಮೇಲಿರಲಿಲ್ಲ. ಪೆಟ್ಟಿಗೆಯ ಸೀರೆ ಎಳೆದೆ. ಕೊಡೆಯಂತೆ ತಿರುಗುವ ತಂತಿಗೆ ಹರಡಿ, ರಸ್ತೆಯ ಕಡೆಗೆ ತಿರುಗಿಸಿದೆ. "ಜೋನವ್ವಾ, ಇಲ್ಲಿ ನೋಡಽ!"

ನಮ್ಮ ಹಿತ್ತಲು ಕಾಣುವ ತಿರುವಿನಲ್ಲಿ ಕಾರು ನಿಂತಿತು. ಜೋನವ್ವ ಕೋಲೂರಿ ಇಳಿದಳು. ತಂತಿಯನ್ನೇ ನೋಡುತ್ತ, ತಲೆಯ ಮೇಲಿನ ಹುಲ್ಲಿನ ಟೊಪ್ಪಿಗೆ ತೆಗೆದು ಎದೆಗೆ ಒತ್ತಿಕೊಂಡಳು. ಕಾರು ನಡೆಸುತ್ತಿದ್ದ ಮಗನೂ ಇಳಿದ. ಆ ದ್ವೀಪದ ಹಳದಿ ಚಾದರದ ಕೂಸು ಇವನೇ, ಈಗ ಬಕ್ಕತಲೆಯ ಅಜ್ಜ. ಅವನೂ ಟೊಪ್ಪಿಗೆ ತೆಗೆದ.